ಗೊರಸಿನ ಕವಚ ತೊಟ್ಟವರು: ಸರ್ಮಾಟಿಯನ್ ಅಲೆಮಾರಿಗಳ ಹಿನ್ನೆಲೆ

ಕ್ರಿ.ಶ. 69ರ ಚಳಿಗಾಲ. ರೋಮ್‌ನಲ್ಲಿ ಪಟ್ಟಕ್ಕಾಗಿ ಕಿತ್ತಾಟ ನಡೆದಿತ್ತು, ಗಡಿಯ ಕಡೆ ಯಾರ ಗಮನವೂ ಇರಲಿಲ್ಲ. ಸಮಯ ನೋಡಿಕೊಂಡು ರೋಕ್ಸೊಲಾನಿ ಎಂಬ ಸರ್ಮಾಟಿಯನ್ ಬುಡಕಟ್ಟಿನ ಸುಮಾರು 9,000 ಸವಾರರು ಡ್ಯಾನ್ಯೂಬ್ ನದಿಯ ದಕ್ಷಿಣಕ್ಕಿದ್ದ ರೋಮನ್ ಪ್ರಾಂತ ಮೀಸಿಯಾಕ್ಕೆ ನುಗ್ಗಿದರು. ಹಿಂದಿನ ಚಳಿಗಾಲದಲ್ಲೇ ಎರಡು ರೋಮನ್ ತುಕಡಿಗಳನ್ನು ನುಂಗಿಹಾಕಿದ್ದ ಧೈರ್ಯ ಅವರದು. ಲೂಟಿಯ ಮಾಲು ಹೇರಿಕೊಂಡು ಚದುರಿಹೋಗಿದ್ದಾಗ ಮೂರನೇ ಲೀಜನ್ ಎಂಬ ರೋಮನ್ ಸೇನಾದಳ ಮೇಲೆರಗಿತು. ಮಂಜುಗಡ್ಡೆ ಕರಗಿ ನೆಲ ಜಾರುತ್ತಿತ್ತು, ಕುದುರೆಗಳು ಮುಗ್ಗರಿಸಿದವು. ಕವಚ ತೊಟ್ಟು ಕೆಳಗೆ ಬಿದ್ದವರಿಗೆ ಮೇಲೇಳಲಾಗಲಿಲ್ಲ. ಗುಂಪಾಗಿ ಕುದುರೆ ಹಾಯಿಸಿದರೆ ಇವರ ಮುಂದೆ ಯಾವ ಸಾಲೂ ನಿಲ್ಲದು, ಆದರೆ ನೆಲದ ಮೇಲೆ ನಿಂತು ಕಾದುವುದರಲ್ಲಿ ಇವರಷ್ಟು ಕೈಲಾಗದವರಿಲ್ಲ ಎಂದು ರೋಮನ್ ಇತಿಹಾಸಕಾರ ಟ್ಯಾಸಿಟಸ್ ಬರೆದ. ಎರಡನೆಯ ಮಾತಿನಲ್ಲಿ ಗೆದ್ದವರ ಗತ್ತಿದೆ. ಮೊದಲನೆಯದನ್ನು ಮಾತ್ರ ಅವನು ಅನುಭವಸ್ಥರಿಂದಲೇ ಕೇಳಿರಬೇಕು.

ಈ ಭಾರದ ಲೆಕ್ಕಾಚಾರ ನೋಡಿ. ಸವಾರನ ಮುಖ್ಯ ಆಯುಧ ಸುಮಾರು 4 ಮೀಟರ್ ಉದ್ದದ ಭರ್ಜಿ. ಅದಕ್ಕೆ ಎರಡೂ ಕೈ ಬೇಕು, ಆದ್ದರಿಂದ ಗುರಾಣಿ ಹಿಡಿಯುವ ಮಾತಿಲ್ಲ. ಗುರಾಣಿ ಇಲ್ಲದ ಮೇಲೆ ಮೈಯನ್ನು ಕವಚವೇ ಕಾಯಬೇಕು. ಸವಾರ ಕಾಲೂರುವ ರಿಕಾಪು ಆಗಿನ್ನೂ ಬಂದಿರಲಿಲ್ಲ, ತೊಡೆ ಮೊಣಕಾಲುಗಳ ಬಿಗಿತದಲ್ಲೇ ಕೂತು, ಅದರಿಂದಲೇ ಕುದುರೆಯನ್ನು ತಿರುಗಿಸಬೇಕು. ಒಣಗಿದ ಬಯಲಿನಲ್ಲಿ ಇದೆಲ್ಲ ಸರಿ, ನೆಲ ಕೈಕೊಟ್ಟರೆ ಮಾತ್ರ ಒಂದೊಂದು ಅನುಕೂಲವೂ ತಿರುಗಿಬೀಳುತ್ತದೆ.

ಕಬ್ಬಿಣದ ಪಟ್ಟಿ ಅಥವಾ ಗಡುಸು ಚರ್ಮದ ಕವಚ ನಾಯಕರಿಗೂ ಕುಲೀನರಿಗೂ ಸೀಮಿತವಾಗಿತ್ತು. ಗೊರಸಿನ ಕವಚವೂ ಇತ್ತು. ಅಥೆನ್ಸಿನ ದೇಗುಲವೊಂದರಲ್ಲಿ ಇಟ್ಟಿದ್ದ ಅಂಥದ್ದೊಂದನ್ನು 2ನೇ ಶತಮಾನದ ಗ್ರೀಕ್ ಪ್ರವಾಸಿ ಪೌಸೇನಿಯಸ್ ಕಣ್ಣಾರೆ ನೋಡಿ, ಮಾಡುವ ಕ್ರಮವನ್ನೂ ಬರೆದಿಟ್ಟ. ಕುದುರೆಯ ಗೊರಸನ್ನು ಶುಚಿಮಾಡಿ, ಹಾವಿನ ಹುರುಪೆಯಂತೆ ತೆಳ್ಳಗೆ ಸೀಳಿ, ತೂತು ಕೊರೆದು, ಕುದುರೆ ಮತ್ತು ಎತ್ತಿನ ನರದಿಂದ ಹೊಲಿಯುವುದು. ಕಬ್ಬಿಣ ಸಿಗದ ಕಡೆ ಮಂದೆಯಲ್ಲಿ ಸಿಗುವುದರಿಂದಲೇ ಮಾಡಿದ್ದು ಅದು, ಆದರೂ ಅಂದದಲ್ಲಾಗಲಿ ಗಟ್ಟಿತನದಲ್ಲಾಗಲಿ ಗ್ರೀಕರ ಕವಚಕ್ಕೆ ಕಡಿಮೆಯಿಲ್ಲ ಎಂದ. ಇಷ್ಟು ನೇರ ಸಾಕ್ಷ್ಯ ರೋಮ್‌ನ ಟ್ರೇಜನ್ ಚಕ್ರವರ್ತಿಯ ವಿಜಯಸ್ತಂಭದ (ಕ್ರಿ.ಶ. 113) ಕೆತ್ತನೆಯಲ್ಲಿ ಸಿಗದು. ಅಲ್ಲಿ ಸರ್ಮಾಟಿಯನ್ ಸವಾರನಿಗೂ ಕುದುರೆಗೂ ಕಾಲಿನ ತುದಿಯವರೆಗೆ ಮೈಗಂಟಿದ ಹುರುಪೆ. ಅಂಥ ಉಡುಪಿನಲ್ಲಿ ಕುದುರೆ ಕಾಲು ಮಡಚುವುದೇ ಕಷ್ಟ.

ಸರ್ಮಾಟಿಯನ್ನರ ಮೂಲ ಡಾನ್ ನದಿಯಿಂದ ಉರಲ್ ಬೆಟ್ಟಗಳ ದಕ್ಷಿಣದವರೆಗಿನ ಹುಲ್ಲುಗಾವಲು. ಇರಾನಿ ಭಾಷಾ ಬಳಗದವರು. ನಮ್ಮ ಪಂಚಾಂಗದ ಶಾಲಿವಾಹನ ಶಕೆಗೆ ಹೆಸರು ಕೊಟ್ಟ ಶಕರೂ ಅದೇ ಬಳಗದ ಇನ್ನೊಂದು ಕವಲು. ಬಂಡಿಗಳ ಮೇಲೆ ಉಣ್ಣೆಯ ದಪ್ಪ ಗುಡಾರ, ಹಾಲು, ಚೀಸ್, ಮಾಂಸ. ಚಳಿಗಾಲ ಅಜೋವ್ ಸಮುದ್ರದ ಬಳಿಯ ಜೌಗಿನಲ್ಲಿ, ಬೇಸಿಗೆ ಬಯಲಿನಲ್ಲಿ. ಮಂದೆ ಎತ್ತ ಹೋದರೆ ಅತ್ತ ಇವರೂ.

ಕ್ರಿ.ಪೂ. 5ನೇ ಶತಮಾನದಲ್ಲಿ ಗ್ರೀಕ್ ಇತಿಹಾಸಕಾರ ಹೆರೊಡೋಟಸ್ ಸರ್ಮಾಟಿಯನ್ನರ ಹಿಂದಿನವರಾದ ಡಾನ್ ಆಚೆಯ 'ಸೌರೊಮಾಟೆ'ಗಳನ್ನು, ಗ್ರೀಕ್ ಪುರಾಣದ ಯೋಧೆಯರಾದ ಅಮೆಜಾನ್ ಹೆಂಗಸರ ಸಂತತಿ ಎಂದ. ಶತ್ರುವೊಬ್ಬನನ್ನು ಕೊಲ್ಲದೆ ಅಲ್ಲಿನ ಹುಡುಗಿಗೆ ಮದುವೆಯಿಲ್ಲ ಎಂದೂ ಸೇರಿಸಿದ. ಬಹುಕಾಲ ಇದು ಕಟ್ಟುಕತೆ ಎನಿಸಿಕೊಂಡಿತ್ತು. ಅದಕ್ಕೆ ಉತ್ಖನನದ ರೂಢಿಯೂ ಒಂದು ಕಾರಣ: ಕತ್ತಿ ಸಿಕ್ಕರೆ ಗಂಡಸು, ಕನ್ನಡಿ ಸಿಕ್ಕರೆ ಹೆಂಗಸು ಎಂದು ಬರೆದುಕೊಳ್ಳುತ್ತಿದ್ದರು. ಸೊಂಟದ ಮೂಳೆ, ತಲೆಬುರುಡೆ ನೋಡಿ ಗುರುತಿಸತೊಡಗಿದ ಮೇಲೆ ಲೆಕ್ಕ ಬದಲಾಯಿತು. ಕೆಳ ಡಾನ್ ಮತ್ತು ಕೆಳ ವೋಲ್ಗಾದ 'ಯೋಧರ' ಸಮಾಧಿಗಳಲ್ಲಿ ಸುಮಾರು ಐದಕ್ಕೊಂದು ಹೆಂಗಸಿನದು. 1990ರ ದಶಕದಲ್ಲಿ ಕಜಕಸ್ತಾನದ ಗಡಿಯ ಪೊಕ್ರೊವ್ಕಾದಲ್ಲಿ ಕಠಾರಿ, ಬಾಣಗಳೊಂದಿಗೆ ಹದಿಹರೆಯದ ಹುಡುಗಿಯೊಬ್ಬಳು ಸಿಕ್ಕಳು. ಹಾಗೆಂದು ಇದನ್ನು ಸ್ತ್ರೀರಾಜ್ಯ ಎನ್ನಲಾಗದು. ಐದರಲ್ಲಿ ನಾಲ್ಕು ಗಂಡಸರದೇ.

ಸರ್ಮಾಟಿಯನ್ನರು ಬರಹ ಬಿಟ್ಟುಹೋಗಲಿಲ್ಲ. ಹಾಗಾಗಿ ಕಾಲ ನಿರ್ಣಯಕ್ಕೆ ಕುರ್ಗಾನ್ ಎಂಬ ಸಮಾಧಿ ದಿಬ್ಬಗಳೇ ಆಧಾರ. ಹೆಣದ ತಲೆ ಯಾವ ದಿಕ್ಕಿಗಿದೆ ಎಂಬುದು ಮೊದಲ ಸುಳಿವು: ಅತಿ ಹಳೆಯವು ಹೆಚ್ಚಾಗಿ ಪಶ್ಚಿಮಕ್ಕೆ, ಕ್ರಿ.ಪೂ. 4ನೇ ಶತಮಾನದ ನಂತರದವು ದಕ್ಷಿಣಕ್ಕೆ, ಕ್ರಿ.ಶ. 2ನೇ ಶತಮಾನದ ನಂತರದವು ಉತ್ತರಕ್ಕೆ. ಕೊನೆಯ ಹಂತದಲ್ಲಿ, ಎಳೆಗೂಸಿನ ತಲೆಗೆ ಬಟ್ಟೆ ಬಿಗಿದು ಉದ್ದವಾಗಿಸಿದ ಬುರುಡೆಗಳು ಹೆಚ್ಚು. ಸೀಮೆಸುಣ್ಣದ ಪುಡಿ, ಬೇಕೆಂದೇ ಮುರಿದ ಕಂಚಿನ ಕನ್ನಡಿ, ಕುರಿಯ ಕಾಲು ಪದೇ ಪದೇ ಸಿಗುತ್ತವೆ. ಆದರೆ ದೊಡ್ಡ ದಿಬ್ಬಗಳನ್ನು ಕಳ್ಳರು ಮೊದಲೇ ಕೊರೆದಿರುತ್ತಾರೆ, ಚಿಕ್ಕವನ್ನು ನೇಗಿಲು ಸಮತಟ್ಟು ಮಾಡಿರುತ್ತದೆ.

ಇಯಾಜಿಗೆಸ್ ಎಂಬ ಪಂಗಡ ಪಶ್ಚಿಮಕ್ಕೆ ಸರಿದು ಈಗಿನ ಹಂಗೇರಿಯ ಬಯಲು ಸೇರಿತ್ತು. ರೋಮನ್ ಚಕ್ರವರ್ತಿ ಮಾರ್ಕಸ್ ಔರೇಲಿಯಸ್‌ನ ಕಾಲದಲ್ಲಿ ಹೆಪ್ಪುಗಟ್ಟಿದ ಡ್ಯಾನ್ಯೂಬ್ ಮೇಲೆಯೇ ರೋಮನ್ನರಿಗೂ ಇವರಿಗೂ ಕಾಳಗ ನಡೆಯಿತು. ಇವರ ಕುದುರೆಗಳಿಗೆ ಮಂಜಿನ ಮೇಲೆ ಓಡುವ ಅಭ್ಯಾಸವಿತ್ತು. ಆದರೆ ರೋಮನ್ನರು ಗುರಾಣಿಯನ್ನು ಮಂಜಿನ ಮೇಲಿಟ್ಟು, ಅದರ ಮೇಲೆ ಒಂದು ಕಾಲೂರಿ, ಲಗಾಮು ಹಿಡಿದು ಜಗ್ಗಿದರು. ತಾವು ಮಲಗಿಬಿದ್ದರೆ ಕುಸ್ತಿಯ ಪಟ್ಟಿನಂತೆ ಎದುರಾಳಿಯನ್ನೂ ಎಳೆದು ಕಾಲಿನಿಂದ ಹಿಂದಕ್ಕೆಸೆದರು. 175ರ ಒಪ್ಪಂದದಲ್ಲಿ ಇಯಾಜಿಗೆಸ್ 8,000 ಸವಾರರನ್ನು ಒಪ್ಪಿಸಬೇಕಾಯಿತು, ಅವರಲ್ಲಿ 5,500 ಮಂದಿ ಬ್ರಿಟನ್ನಿಗೆ ಹೋದರು.

ಅಲ್ಲಿ ಅವರ ಗುರುತು ಬಹಳ ಕಡಿಮೆ. ಇಂಗ್ಲೆಂಡಿನ ರಿಬ್‌ಚೆಸ್ಟರ್ ಕೋಟೆಯಲ್ಲಿ ಸರ್ಮಾಟಿಯನ್ ಅಶ್ವದಳದ ಹೆಸರಿರುವ 3ನೇ ಶತಮಾನದ ಶಾಸನವಿದೆ. ಕೇಂಬ್ರಿಡ್ಜ್‌ಷೈರಿನಲ್ಲಿ ಎ-14 ಹೆದ್ದಾರಿ ಕೆಲಸದ ವೇಳೆ ಹಳ್ಳವೊಂದರಲ್ಲಿ ಸಿಕ್ಕ ಯುವಕನ ಡಿಎನ್‌ಎ ಸರ್ಮಾಟಿಯನ್ ನಾಡಿನ ಕಡೆಗೆ ಬೆರಳು ಮಾಡುತ್ತದೆ ಎಂದು 2023ರಲ್ಲಿ ಪ್ರಕಟವಾಯಿತು. ಸತ್ತಾಗ ವಯಸ್ಸು 18ರಿಂದ 25. ಅವನು ಬಾಲ್ಯದಲ್ಲೇ ದೂರದ ಒಣನಾಡಿನಿಂದ ಪಶ್ಚಿಮಕ್ಕೆ ಬಂದವನೆಂದು ಹಲ್ಲಿನ ರಾಸಾಯನಿಕ ಪರೀಕ್ಷೆ ಹೇಳುತ್ತದೆ. ಅಂದರೆ ಸೈನಿಕರ ಜೊತೆ ಮನೆಮಂದಿಯೂ ಬಂದಿದ್ದಿರಬಹುದು. ಬ್ರಿಟನ್ನಿನ ದಂತಕತೆಯ ಆರ್ಥರ್ ರಾಜನ ಕತೆಯೇ ಇವರಿಂದ ಹುಟ್ಟಿತು ಎಂಬ ಜನಪ್ರಿಯ ವಾದವೂ ಇದೆ. ಕತ್ತಿಯನ್ನು ನೀರಿಗೆಸೆಯುವ ಪ್ರಸಂಗ ಆರ್ಥರನ ಕತೆಯಲ್ಲೂ ಕಾಕಸಸ್‌ನ ಒಸ್ಸೆಟಿಯನ್ನರ ಪುರಾಣದಲ್ಲೂ ಇದೆ ಎಂಬುದಕ್ಕಿಂತ ಗಟ್ಟಿ ಆಧಾರ ಅದಕ್ಕಿಲ್ಲ.

ಉಳಿದವರ ಮೇಲೆ 370ರ ಸುಮಾರಿಗೆ ಹೂಣರು ಬಿದ್ದರು. ಸರ್ಮಾಟಿಯನ್ ಬುಡಕಟ್ಟಾದ ಅಲಾನರಲ್ಲಿ ಒಂದು ಗುಂಪು, ಜರ್ಮನಿಕ್ ಬುಡಕಟ್ಟಾದ ವ್ಯಾಂಡಲರ ಜೊತೆ 406ರ ಕೊನೆಗೆ ರೈನ್ ನದಿ ದಾಟಿ ಸ್ಪೇನಿಗೆ, ಅಲ್ಲಿಂದ 429ರಲ್ಲಿ ಉತ್ತರ ಆಫ್ರಿಕಾಕ್ಕೆ ಹೋಯಿತು. ಇನ್ನೊಂದು ಗುಂಪು ಕಾಕಸಸ್ ಬೆಟ್ಟಗಳಲ್ಲಿ ನಿಂತಿತು. ಇಂದಿನ ಒಸ್ಸೆಟಿಯನ್ನರ ನುಡಿ ಅವರದರಿಂದಲೇ ಬಂದದ್ದು. ಹಂಗೇರಿಯ ಯಾಸ್‌ಶಾಗ್ ಪ್ರದೇಶದವರನ್ನು ಹಳೆಯ ಇಯಾಜಿಗೆಸರ ವಂಶದವರೆಂದು ಹಲವರು ತಪ್ಪಾಗಿ ಬರೆಯುತ್ತಾರೆ. ಅವರ ಪೂರ್ವಜರು ಅಲಾನರು, 13ನೇ ಶತಮಾನದಲ್ಲಿ ವಲಸೆ ಬಂದವರು. 1422ರ ಒಂದು ಹಾಳೆಯಲ್ಲಿ ಅವರ ಭಾಷೆಯ ಸುಮಾರು 40 ಪದಗಳು ಉಳಿದಿವೆ, ಒಸ್ಸೆಟಿಯನ್ ಬಲ್ಲವರಿಗೆ ಅವುಗಳಲ್ಲಿ ಹಲವು ಇಂದಿಗೂ ಅರ್ಥವಾಗುತ್ತವೆ.