ವಜಾ ಆದ ದಿನ ಪ್ರತಿವಾದಿ ಬಂದಿದ್ದರೇ?

‘ಕೇಸು ವಜಾ ಆಗಿದೆಯಂತೆ. ತೀರ್ಪೇನೂ ಬಂದಿಲ್ಲವಲ್ಲ, ಹೊಸದಾಗಿ ಹಾಕಿಬಿಡಿ ಸಾರ್.’ ಈ ಮಾತು ಕೇಳಿದಾಗಲೆಲ್ಲ ನನ್ನ ತಾಳ್ಮೆ ತಪ್ಪುತ್ತದೆ. ನಾನು ತಿರುಗಿ ಕೇಳುವುದು ಒಂದೇ: ವಜಾ ಆದ ದಿನ ಪ್ರತಿವಾದಿಯ ಕಡೆಯವರು ಹಾಜರಿದ್ದರೇ? ಹೆಚ್ಚಿನವರಿಗೆ ಗೊತ್ತೇ ಇರುವುದಿಲ್ಲ.

ಸಿವಿಲ್ ಪ್ರಕ್ರಿಯಾ ಸಂಹಿತೆಯ 9ನೇ ಆದೇಶದ ಪ್ರಕಾರ, ಎರಡೂ ಕಡೆಯವರು ಬಾರದೆ ದಾವೆ ವಜಾ ಆಗಿದ್ದರೆ, ಕಾಲಮಿತಿ ಉಳಿದಿರುವ ತನಕ ಹೊಸ ದಾವೆ ಹೂಡಬಹುದು. ಪ್ರತಿವಾದಿ ಬಂದು ನೀವು ಬಾರದೆ ವಜಾ ಆಗಿದ್ದರೆ, ಅದೇ ವ್ಯಾಜ್ಯಕಾರಣದ, ಅಂದರೆ ದಾವೆಗೆ ಎಡೆಮಾಡಿದ ಅದೇ ಸಂಗತಿಗಳ ಮೇಲೆ ಮತ್ತೆ ದಾವೆ ಹೂಡುವಂತಿಲ್ಲ. ಪಾಲು ವಿಭಾಗದ ದಾವೆಗಳಲ್ಲಿ ಬೇರೆ ವಾದಕ್ಕೆ ಅವಕಾಶವಿರಬಹುದು, ಅದನ್ನು ನಂಬಿ ಕೂರಬೇಡಿ. ಉಳಿಯುವ ಮುಖ್ಯ ದಾರಿ, ಅದೇ ದಾವೆಯನ್ನು ಮರುಸ್ಥಾಪಿಸುವಂತೆ ಅರ್ಜಿ ಹಾಕುವುದು. ಅದಕ್ಕೆ 1963ರ ಕಾಲಮಿತಿ ಕಾಯಿದೆ ಕೊಡುವುದು 30 ದಿನ.

ಈ 30 ದಿನ ವಜಾ ಆದ ದಿನಾಂಕದಿಂದ ಶುರುವಾಗುತ್ತದೆ, ನಿಮಗೆ ವಿಷಯ ತಿಳಿದ ದಿನದಿಂದಲ್ಲ. ಸಮನ್ಸ್ ಸರಿಯಾಗಿ ಜಾರಿಯಾಗದೆ ಏಕಪಕ್ಷೀಯ ಡಿಕ್ರಿಗೆ (ತಾನಿಲ್ಲದೆ ಆದ ತೀರ್ಪಿಗೆ) ಗುರಿಯಾದ ಪ್ರತಿವಾದಿಗೆ ತಿಳಿದ ದಿನದಿಂದ ಎಣಿಸುವ ಅನುಕೂಲವಿದೆ. ದಾವೆ ಹೂಡಿದವರಿಗೆ ಅದಿಲ್ಲ, ಏಕೆಂದರೆ ತನ್ನ ಕೇಸಿನ ವಾಯಿದೆ ಯಾವಾಗ ಎಂಬುದು ಅವರಿಗೆ ತಿಳಿದಿರಬೇಕು. 30 ದಿನ ದಾಟಿದರೆ ಎರಡು ಸಂಗತಿ ರುಜುವಾತಾಗಬೇಕು: ಆ ದಿನ ಏಕೆ ಬರಲಿಲ್ಲ, ಆಮೇಲೆ ಇಷ್ಟು ದಿನ ಏಕೆ ಸುಮ್ಮನಿದ್ದಿರಿ. ಜನ ಮೊದಲನೆಯದಕ್ಕೆ ಮಾತ್ರ ಕಾಗದ ತರುತ್ತಾರೆ.

ನಿವೇಶನಕ್ಕೆ ಮುಂಗಡ ಕೊಟ್ಟು, ಕ್ರಯಪತ್ರ ಮಾಡಿಸಿಕೊಡಿ ಎಂದು ದಾವೆ ಹೂಡಿದ್ದ ಹಿರಿಯರೊಬ್ಬರು ನನ್ನ ಬಳಿಗೆ ಬಂದಾಗ ವಜಾ ಆಗಿ ಎಂಟು ತಿಂಗಳು ಕಳೆದಿತ್ತು. ಸಾಕ್ಷಿ ಹೇಳುವ ಹಂತದಲ್ಲಿ ಅವರು ಮೂರು ವಾಯಿದೆ ಕೇಳಿ ಪಡೆದಿದ್ದರು: ಮಗಳ ಮದುವೆ, ಸುಗ್ಗಿ, ಮತ್ತೆ ಒಂದು ಕಾರಣ. ಮೂರಕ್ಕಿಂತ ಹೆಚ್ಚು ಮುಂದೂಡಬಾರದೆಂದು ಅದೇ ಸಂಹಿತೆಯ 17ನೇ ಆದೇಶ ಹೇಳುತ್ತದೆ. ಕೈಮೀರಿದ ಸಂದರ್ಭಗಳಲ್ಲಿ ಅದನ್ನು ಸಡಿಲಿಸಬಹುದೆಂದು ಸುಪ್ರೀಂ ಕೋರ್ಟ್ 2005ರಲ್ಲಿ ಹೇಳಿತು. ಆ ಸಡಿಲಿಕೆಯನ್ನೇ ಜನ ಹಕ್ಕೆಂದು ತಿಳಿದಿದ್ದಾರೆ. ನಾಲ್ಕನೆಯ ಸಲ ಅವರು ನಿಜಕ್ಕೂ ಸೊಂಟ ಮುರಿದು ಮಲಗಿದ್ದರು. ಆದರೆ ಆಸ್ಪತ್ರೆಯ ಕಾಗದ ಇದ್ದದ್ದು ಎರಡು ತಿಂಗಳಿಗೆ. ‘ಉಳಿದ ಆರು ತಿಂಗಳು?’ ಎಂದೆ. ‘ಕೋರ್ಟಿನಿಂದ ಪತ್ರ ಬರುತ್ತದೆ ಅಂದುಕೊಂಡಿದ್ದೆ ಸ್ವಾಮಿ’ ಎಂದರು.

ಪತ್ರ ಬರುವುದಿಲ್ಲ. ಇ-ಕೋರ್ಟ್ಸ್ ಆ್ಯಪ್‌ನಲ್ಲಿ ಕೇಸಿನ 16 ಅಂಕಿ-ಅಕ್ಷರಗಳ ಸಿಎನ್‌ಆರ್ ಸಂಖ್ಯೆ ಹಾಕಿದರೆ ಮುಂದಿನ ವಾಯಿದೆ ಕಾಣುತ್ತದೆ, ವಜಾ ಆಗಿದ್ದರೆ ಅದೂ ಕಾಣುತ್ತದೆ. ಅವರ ಮೊಮ್ಮಗಳ ಮೊಬೈಲಿನಲ್ಲಿ ಅದನ್ನು ಹಾಕಿಸಿಕೊಟ್ಟೆ. ವಿಳಂಬ ಮನ್ನಿಸಬೇಕೆಂಬ ಅರ್ಜಿ ಇನ್ನೂ ವಿಚಾರಣೆಯಲ್ಲಿದೆ, ಏನಾಗುತ್ತದೆಂದು ನಾನು ಹೇಳಲಾರೆ. ಬರಬೇಕಿಲ್ಲ ಎಂದರೂ ಅವರು ಪ್ರತಿ ವಾಯಿದೆಗೆ ಕೋಲೂರಿಕೊಂಡು, ನನಗಿಂತ ಮೊದಲೇ ಬಂದು ಬೆಂಚಿನ ಮೇಲೆ ಕುಳಿತಿರುತ್ತಾರೆ.