ನಗಿಸೋಕೆ ಗಂಭೀರ ಸಂಗೀತ: ಎಲ್ಮರ್ ಬರ್ನ್‌ಸ್ಟೀನ್ ಹಿಡಿದ ದಾರಿ

ಕಾಮಿಡಿ ಸಿನಿಮಾದಲ್ಲಿ ಯಾರಾದರೂ ಜಾರಿ ಬಿದ್ದರೆ ಹಿಂದಿನಿಂದ ಕಹಳೆ 'ಪ್ವಾಂಯ್' ಅನ್ನಬೇಕು. ಇಲ್ಲಿ ನಗಿ ಅಂತ ಪ್ರೇಕ್ಷಕರ ಪಕ್ಕೆಗೆ ತಿವಿದ ಹಾಗೆ. ಹಾಲಿವುಡ್‌ನಲ್ಲಿ ಈ ತಿವಿತ ಕಡಿಮೆಯಾಗಿದ್ದರಲ್ಲಿ ಸಂಗೀತ ನಿರ್ದೇಶಕ ಎಲ್ಮರ್ ಬರ್ನ್‌ಸ್ಟೀನ್ ಪಾಲು ದೊಡ್ಡದು. ಮಜಾ ಏನೆಂದರೆ, 56 ವರ್ಷ ಆಗುವವರೆಗೆ ಅವರು ಕಾಮಿಡಿಗೆ ಹೆಸರಾದವರೇ ಅಲ್ಲ.

1922ರಲ್ಲಿ ನ್ಯೂಯಾರ್ಕ್‌ನಲ್ಲಿ ಹುಟ್ಟಿದವರು. 50ರ ದಶಕದ ಶುರುವಿನಲ್ಲಿ ಅಮೆರಿಕದಲ್ಲಿ ಕಮ್ಯುನಿಸ್ಟರ ಬೇಟೆ ಜೋರಾಗಿತ್ತು, ಎಡಪಂಥೀಯರ ಸಹವಾಸ ಅನ್ನೋ ಗುಮಾನಿಗೆ ದೊಡ್ಡ ಸ್ಟುಡಿಯೋಗಳು ಇವರನ್ನು ದೂರ ಇಟ್ಟವು. ಆಗ, 1953ರಲ್ಲಿ, ಸಿಕ್ಕಿದ್ದು 'ರೋಬೋಟ್ ಮಾನ್‌ಸ್ಟರ್'. ಅದರ ರಾಕ್ಷಸ ಅಂದರೆ ಗೊರಿಲ್ಲಾ ವೇಷದ ಮೇಲೆ ಹೆಲ್ಮೆಟ್ ಸಿಕ್ಕಿಸಿಕೊಂಡ ಒಬ್ಬ ಮನುಷ್ಯ, ಅಷ್ಟೇ! ಸಂಗೀತ ಮಾತ್ರ ಲೋಕವೇ ಮುಳುಗಿ ಹೋಗುತ್ತಿದೆ ಅನ್ನುವ ಹಾಗಿದೆ.

ಸಾಕ್ಷ್ಯಚಿತ್ರದ ಕಡೆಯ ಕೆಲಸವೂ ಜಾಸ್ತಿಯೇ. ವಿನ್ಯಾಸಕರಾದ ಚಾರ್ಲ್ಸ್ ಮತ್ತು ರೇ ಈಮ್ಸ್ ದಂಪತಿಯ ಪುಟ್ಟ ಪುಟ್ಟ ಚಿತ್ರಗಳಿಗೆ ಸಂಗೀತ ಕೊಟ್ಟರು. 1957ರದ್ದೊಂದರಲ್ಲಿ ಇರುವುದು ಬರೀ ಹಳೇ ಆಟದ ರೈಲುಗಳು, ಆದರೆ ಸಂಗೀತ ಅವನ್ನು ಗೇಲಿ ಮಾಡುವುದಿಲ್ಲ, ನಿಜವಾದ ರೈಲಿಗೆ ಕೊಡುವ ಮರ್ಯಾದೆಯನ್ನೇ ಕೊಡುತ್ತದೆ. ಕೆನಡಿ ಗೆದ್ದ 1960ರ ಚುನಾವಣೆಯ ಸಾಕ್ಷ್ಯಚಿತ್ರಕ್ಕೆ ಎಮ್ಮಿ ಪ್ರಶಸ್ತಿ ಬಂತು. ನ್ಯಾಷನಲ್ ಜಿಯಾಗ್ರಫಿಕ್ ಅಂದ ಕೂಡಲೇ ಕಿವಿಯಲ್ಲಿ ಮೊಳಗುವ ಆ ಕಹಳೆ ಇದೆಯಲ್ಲ, ಅದೂ ಇವರದ್ದೇ.

1978ರಲ್ಲಿ ಮಗನ ಬಾಲ್ಯದ ಗೆಳೆಯ, ನಿರ್ದೇಶಕ ಜಾನ್ ಲ್ಯಾಂಡಿಸ್ 'ಅನಿಮಲ್ ಹೌಸ್' ಹಿಡಿದುಕೊಂಡು ಬಂದರು. ಕಾಲೇಜು ಹುಡುಗರ ಪುಂಡಾಟದ ಸಿನಿಮಾ. ಇದು ಕಾಮಿಡಿ ಅನ್ನೋದನ್ನ ಮರೆತು ಸಂಗೀತ ಕೊಡಿ ಅನ್ನೋದು ಅವರ ಬೇಡಿಕೆ. ಹುಡುಗರು ಎಷ್ಟು ಕೆಟ್ಟದಾಗಿ ಆಡಿದರೂ ವಾದ್ಯವೃಂದ ಒಮ್ಮೆಯೂ ಹಲ್ಲು ಕಿರಿಯುವುದಿಲ್ಲ, ನಗು ಉಕ್ಕುವುದೇ ಅದಕ್ಕೆ.

ಎರಡು ವರ್ಷಕ್ಕೆ 'ಏರ್‌ಪ್ಲೇನ್!' ಬಂತು, ವಿಮಾನ ದುರಂತದ ಸಿನಿಮಾಗಳನ್ನು ಅಣಕಿಸುವ ಕಾಮಿಡಿ. ಮೊದಲ ದೃಶ್ಯದಲ್ಲೇ ವಿಮಾನದ ಬಾಲ ಶಾರ್ಕ್ ಮೀನಿನ ರೆಕ್ಕೆಯ ಹಾಗೆ ಮೋಡ ಸೀಳಿಕೊಂಡು ಹೋಗುತ್ತದೆ, ಸಂಗೀತ ಎದೆ ನಡುಗಿಸುತ್ತದೆ. 1953ರಲ್ಲಿ ವಿಧಿಯಿಲ್ಲದೆ ಮಾಡಿದ್ದನ್ನೇ ಈಗ ಬೇಕೂಂತ ಮಾಡಿದ ಹಾಗಾಯಿತು, ಅಲ್ವಾ? 1984ರ 'ಗೋಸ್ಟ್‌ಬಸ್ಟರ್ಸ್'ನಲ್ಲಂತೂ 1928ರ ಫ್ರೆಂಚ್ ವಿದ್ಯುತ್ ವಾದ್ಯ ಓಂಡ್ ಮಾರ್ತೆನೋ ದೆವ್ವಗಳ ಜತೆ ಊಳಿಡುತ್ತದೆ.

ಆಮೇಲೆ ಬರೋದೆಲ್ಲ ಕಾಮಿಡಿಯೇ ಅನ್ನುವಂತಾಯಿತು. 1989ರ 'ಮೈ ಲೆಫ್ಟ್ ಫುಟ್' ಅವರನ್ನು ಮತ್ತೆ ಗಂಭೀರ ಕಥೆಗೆ ಕರೆತಂದಿತು. 2004ರಲ್ಲಿ ತೀರಿಕೊಳ್ಳುವ ಹೊತ್ತಿಗೆ ಆಸ್ಕರ್‌ಗೆ ಅವರ ಹೆಸರು 14 ಸಲ ಹೋಗಿತ್ತು. ಗೆದ್ದದ್ದು ಒಂದೇ ಸಲ, 1967ರ ಒಂದು ಹಾಡು-ನಗೆಯ ಚಿತ್ರಕ್ಕೆ.