ಸೈಮನ್ ವಿಗ್: ಐದು ವಿಶ್ವಪಟ್ಟ, ಕೈಗೆಟುಕದ ಇನ್ನೊಂದು

1989ರ ಸೆಪ್ಟೆಂಬರ್. ಮ್ಯೂನಿಕ್‌ನ ಒಲಿಂಪಿಕ್ ಕ್ರೀಡಾಂಗಣದಲ್ಲಿ ಸ್ಪೀಡ್‌ವೇ, ಅಂದರೆ ಮಣ್ಣಿನ ಟ್ರ್ಯಾಕಿನ ಬೈಕ್ ಓಟದ ವಿಶ್ವ ಫೈನಲ್. ಡೆನ್ಮಾರ್ಕ್‌ನ ಹ್ಯಾನ್ಸ್ ನೀಲ್ಸನ್ ಐದಕ್ಕೆ ಐದೂ ಓಟ ಗೆದ್ದು 15 ಅಂಕ ಬಾಚಿಕೊಂಡರು. ಎರಡನೆಯವರಾಗಿ ಬಂದದ್ದು ಇಂಗ್ಲೆಂಡಿನ ಸೈಮನ್ ವಿಗ್. ತಮಾಷೆಯೆಂದರೆ ಇಬ್ಬರೂ ಆಕ್ಸ್‌ಫರ್ಡ್ ತಂಡದ ಜೊತೆಗಾರರು. ಆ ವರ್ಷ ಬ್ರಿಟಿಷ್ ಲೀಗ್ ಗೆದ್ದದ್ದೂ ಅದೇ ತಂಡ.

ಸ್ಪೀಡ್‌ವೇ ಪಟ್ಟಕ್ಕೆ ವಿಗ್ ಅಷ್ಟು ಹತ್ತಿರ ಮತ್ತೆಂದೂ ಬರಲಿಲ್ಲ. ಆದರೆ ಉದ್ದನೆಯ ಟ್ರ್ಯಾಕಿನಲ್ಲಿ, ಅಂದರೆ ಲಾಂಗ್‌ಟ್ರ್ಯಾಕ್‌ನಲ್ಲಿ, ಅವರು ಐದು ಬಾರಿ ವಿಶ್ವ ಚಾಂಪಿಯನ್: 1985, 1989, 1990, 1993, 1994. ಒಂದರಲ್ಲಿ ದೊರೆ, ಇನ್ನೊಂದರಲ್ಲಿ ಅರಮನೆ ಬಾಗಿಲವರೆಗೆ ಮಾತ್ರ. ಯಾಕೆ ಹೀಗೆ?

ಮೊದಲು ಬೈಕನ್ನೇ ನೋಡೋಣ. ಸ್ಪೀಡ್‌ವೇ ಬೈಕು 500 ಸಿಸಿಯದು. ಒಂದೇ ಗೇರು, ಬ್ರೇಕೇ ಇಲ್ಲ. ಕುಡಿಯುವುದು ಪೆಟ್ರೋಲ್ ಅಲ್ಲ, ಮೆಥನಾಲ್. ಎಂಜಿನ್ನಿಗೆ ಹರಳೆಣ್ಣೆ ಬೆರೆತ ಆಯಿಲ್ ಹಾಕುತ್ತಿದ್ದ ಕಾಲದಲ್ಲಿ ಆ ಸುಟ್ಟ ವಾಸನೆಗೇ ಮನಸೋತ ಅಭಿಮಾನಿಗಳಿದ್ದರು. ನಾಲ್ವರು ಸವಾರರು, ನಾಲ್ಕು ಸುತ್ತು, ಎಲ್ಲ ತಿರುವೂ ಎಡಕ್ಕೆ. ತಿರುವಿನಲ್ಲಿ ಸವಾರ ಉಕ್ಕಿನ ಅಟ್ಟೆ ಕಟ್ಟಿದ ಎಡಗಾಲನ್ನು ನೆಲಕ್ಕೆ ಉಜ್ಜುತ್ತಾ ಹಿಂದಿನ ಚಕ್ರವನ್ನು ಬೇಕೆಂದೇ ಜಾರಿಸುತ್ತಾನೆ. ಬೈಕು ಎಡಕ್ಕೆ ಹೋಗುತ್ತಿದ್ದರೆ ಮುಂದಿನ ಚಕ್ರ ಬಲಕ್ಕೆ ಮುಖ ಮಾಡಿರುತ್ತದೆ! ಸುಮಾರು ಒಂದು ನಿಮಿಷದಲ್ಲಿ ಎಲ್ಲ ಮುಗಿಯಿತು. ಹಾಗಾಗಿ ಆರಂಭದ ಗೆರೆಗೆ ಅಡ್ಡ ಕಟ್ಟಿದ ಟೇಪು ಮೇಲೇಳುವ ಕ್ಷಣ ಮತ್ತು ಮೊದಲ ತಿರುವು, ಇವೆರಡರಲ್ಲೇ ಅರ್ಧ ಓಟದ ತೀರ್ಮಾನ.

ಲಾಂಗ್‌ಟ್ರ್ಯಾಕ್‌ನ ಲೆಕ್ಕ ಬೇರೆ. ಒಂದು ಸುತ್ತೇ ಸುಮಾರು 1,000 ಮೀಟರ್. ಜರ್ಮನಿಯ ಕಡೆ ಇಂಥ ಹಲವು ಟ್ರ್ಯಾಕುಗಳು ಕುದುರೆ ಓಟದ ಬಯಲುಗಳೇ. ಬೈಕಿಗೆ ಎರಡು ಗೇರು. ನೇರ ದಾರಿ ಉದ್ದವಿರುವುದರಿಂದ ವೇಗ ಭಯಂಕರ. ಆರಂಭ ಕೆಟ್ಟರೂ ಮುಂದಿನವನ ಬೆನ್ನು ಹಿಡಿಯಲು ಜಾಗವಿದೆ. ಗ್ರಾಸ್‌ಟ್ರ್ಯಾಕ್ ಇದರ ಹಳ್ಳಿ ಸೋದರ. ರೈತರ ಹುಲ್ಲುಗಾವಲಿನಲ್ಲಿ ಗೂಟ ನೆಟ್ಟು, ಹಗ್ಗ ಕಟ್ಟಿ ನಡೆಸುವ ಓಟ. ಉಬ್ಬು ತಗ್ಗು ಜಾಸ್ತಿ, ಅದಕ್ಕೇ ಈ ಬೈಕುಗಳಿಗೆ ಹಿಂದೆಯೂ ಸಸ್ಪೆನ್ಷನ್. ವಿಗ್ ಈ ಹುಲ್ಲಿನಲ್ಲಿ ಪಳಗಿದವರು.

ಹಾಗಂತ ಎರಡನ್ನೂ ಗೆಲ್ಲಲು ಯಾರಿಗೂ ಆಗಿಲ್ಲವೆಂದಲ್ಲ. ನ್ಯೂಜಿಲೆಂಡಿನ ಐವನ್ ಮೇಜರ್ ಆರು ಸ್ಪೀಡ್‌ವೇ ಪಟ್ಟಗಳ ಜೊತೆ ಮೂರು ಲಾಂಗ್‌ಟ್ರ್ಯಾಕ್ ಪಟ್ಟ ಕಟ್ಟಿಕೊಂಡವರು. ಡೆನ್ಮಾರ್ಕ್‌ನ ಎರಿಕ್ ಗುಂಡರ್ಸನ್ 1984ರಲ್ಲಿ ಒಂದೇ ವರ್ಷ ಎರಡನ್ನೂ ಗೆದ್ದರು. ಸಣ್ಣ ಟ್ರ್ಯಾಕಿನಿಂದ ದೊಡ್ಡದಕ್ಕೆ ಹೋಗುವುದು ಸಲೀಸು, ಹಿಂದಿರುಗಿ ಬರುವುದೇ ಕಷ್ಟ ಎಂದು ನನಗನ್ನಿಸುತ್ತದೆ. ಲಾಂಗ್‌ಟ್ರ್ಯಾಕ್‌ನಲ್ಲಿ ಮೊದಲು ಹೆಸರು ಮಾಡಿ ಆಮೇಲೆ ಸ್ಪೀಡ್‌ವೇ ಗೆದ್ದ ಜರ್ಮನಿಯ ಎಗಾನ್ ಮ್ಯುಲರ್ ಅಪವಾದ. ಅವರೂ ಗೆದ್ದದ್ದು 1983ರಲ್ಲಿ, ತಮ್ಮದೇ ದೇಶದ ನಾರ್ಡನ್‌ನಲ್ಲಿ.

ಇದರ ಮೇಲೆ ವಿಗ್ ಅವರ ಕಾಲವೂ ಕೈಕೊಟ್ಟಿತು. 1984ರಿಂದ 1989ರವರೆಗಿನ ಆರೂ ಸ್ಪೀಡ್‌ವೇ ಪಟ್ಟಗಳನ್ನು ಹಂಚಿಕೊಂಡವರು ಇಬ್ಬರೇ: ಗುಂಡರ್ಸನ್ ಮತ್ತು ನೀಲ್ಸನ್. ಬ್ರಿಟನ್ನಿನೊಳಗೆ 1988, 1989ರಲ್ಲಿ ಸತತ ಚಾಂಪಿಯನ್ ಆಗಿದ್ದ ವಿಗ್‌ಗೆ ವಿಶ್ವ ಫೈನಲ್ಲಿನಲ್ಲಿ ಡೆನ್ಮಾರ್ಕ್‌ನ ಈ ಇಬ್ಬರೇ ಅಡ್ಡಗೋಡೆ. ಅದೂ ಒಂದೇ ದಿನದ ಫೈನಲ್. ಆ ಸಂಜೆ ಕೈತಪ್ಪಿದರೆ ಮತ್ತೊಂದು ವರ್ಷ ಕಾಯಬೇಕು. 1995ರಲ್ಲಿ ಗ್ರ್ಯಾನ್ ಪ್ರಿ ಪದ್ಧತಿ ಬಂದು ವರ್ಷದ ಹಲವು ಕೂಟಗಳ ಅಂಕ ಕೂಡಿಸತೊಡಗಿದರು. ಆಗಲೂ ಮೊದಲ ಪಟ್ಟ ನೀಲ್ಸನ್‌ಗೇ.

ವಿಗ್ 2000ದ ನವೆಂಬರಿನಲ್ಲಿ ಮಿದುಳಿನ ಗೆಡ್ಡೆಯಿಂದ ತೀರಿಕೊಂಡರು. ವಯಸ್ಸು 40. ಆ ವರ್ಷದ ಲಾಂಗ್‌ಟ್ರ್ಯಾಕ್ ಪಟ್ಟ ಕೆಲ್ವಿನ್ ಟೇಟಮ್ ಅವರದಾಗಿತ್ತು. 1989ರಲ್ಲಿ ಇಂಗ್ಲೆಂಡಿಗೆ ವಿಶ್ವ ತಂಡ ಕಪ್ ಗೆದ್ದುಕೊಟ್ಟವರಲ್ಲಿ ವಿಗ್ ಜೊತೆಗಿದ್ದ ಅದೇ ಟೇಟಮ್.